ಸ್ಥಳೀಯ ಸಂಸ್ಥೆಗಳ ಮೇಲಿನ ರಾಜ್ಯಾಧಿಕಾರಕ್ಕೆ ಸಾಂವಿಧಾನಿಕ ಮಿತಿಗಳು

ಸ್ಥಳೀಯ ಸಂಸ್ಥೆಗಳ ಮೇಲಿನ ರಾಜ್ಯಾಧಿಕಾರಕ್ಕೆ ಸಾಂವಿಧಾನಿಕ ಮಿತಿಗಳು ಎಂದರೆ, ಚುನಾಯಿತ ಪಂಚಾಯಿತಿಗಳು ಮತ್ತು ನಗರಾಡಳಿತ ಸಂಸ್ಥೆಗಳ ವಿಷಯದಲ್ಲಿ ರಾಜ್ಯ ಸರ್ಕಾರಗಳು ಹಾಗೂ ರಾಜ್ಯ ವಿಧಾನಮಂಡಲಗಳು ಮೀರಬಾರದೆಂದು ಭಾರತದ ಸಂವಿಧಾನವು ವಿಧಿಸಿರುವ ನಿರ್ಬಂಧಗಳು. ಇವು ಸಂವಿಧಾನದ 9ನೇ ಭಾಗ (ಪಂಚಾಯಿತಿಗಳು) ಮತ್ತು 9-ಎ ಭಾಗ (ನಗರಪಾಲಿಕೆಗಳು) ಇವುಗಳಲ್ಲಿ ಅಡಕವಾಗಿವೆ. 73ನೇ ತಿದ್ದುಪಡಿಯ ಮೂಲಕ ಸೇರಿದ 9ನೇ ಭಾಗವು 1993ರ ಏಪ್ರಿಲ್ 24ರಂದೂ, 74ನೇ ತಿದ್ದುಪಡಿಯ ಮೂಲಕ ಸೇರಿದ 9-ಎ ಭಾಗವು 1993ರ ಜೂನ್ 1ರಂದೂ ಜಾರಿಗೆ ಬಂದವು.

ಈ ಉಪಬಂಧಗಳ ಪ್ರಕಾರ ಸ್ಥಳೀಯ ಸಂಸ್ಥೆಯ ಅವಧಿ ಐದು ವರ್ಷ. ಅವಧಿ ಮುಗಿಯುವುದರೊಳಗೆ ಚುನಾವಣೆ ನಡೆಯಬೇಕು. ವಿಸರ್ಜನೆಯಾದರೆ ಆರು ತಿಂಗಳೊಳಗೆ ಹೊಸ ಸಂಸ್ಥೆ ರಚನೆಯಾಗಬೇಕು. ಚುನಾವಣೆಯನ್ನು ಸ್ವತಂತ್ರ ರಾಜ್ಯ ಚುನಾವಣಾ ಆಯೋಗವೇ ನಡೆಸಬೇಕು. ಆದರೆ ಸಂಸ್ಥೆಗೆ ಯಾವ ಕೆಲಸ, ಎಷ್ಟು ಹಣ, ಎಷ್ಟು ಸಿಬ್ಬಂದಿ ಕೊಡಬೇಕೆಂಬುದನ್ನು ಬಹುಮಟ್ಟಿಗೆ ರಾಜ್ಯ ವಿಧಾನಮಂಡಲದ ವಿವೇಚನೆಗೇ ಬಿಡಲಾಗಿದೆ. ಹೀಗೆ ಸಂವಿಧಾನವು ಸ್ಥಳೀಯ ಸಂಸ್ಥೆಗಳ ಅಸ್ತಿತ್ವಕ್ಕೆ ನೀಡಿರುವಷ್ಟು ರಕ್ಷಣೆಯನ್ನು ಅವುಗಳ ಅಧಿಕಾರಕ್ಕೆ ನೀಡಿಲ್ಲ.

## ಹಿನ್ನೆಲೆ

ಸಂವಿಧಾನದ ಮೂಲ ಕರಡಿನಲ್ಲಿ ಗ್ರಾಮ ಪಂಚಾಯಿತಿಗಳ ಪ್ರಸ್ತಾಪವಿರಲಿಲ್ಲ. ಸಂವಿಧಾನ ರಚನಾ ಸಭೆಯಲ್ಲಿ ಹಲವು ಸದಸ್ಯರು ಇದನ್ನು ಆಕ್ಷೇಪಿಸಿದರು. 1948ರ ನವೆಂಬರ್‌ನಲ್ಲಿ ಕೆ. ಸಂತಾನಂ ಮಂಡಿಸಿದ ತಿದ್ದುಪಡಿಯನ್ನು ಸಭೆ ಅಂಗೀಕರಿಸಿತು. ಅದೇ ಇಂದಿನ 40ನೇ ವಿಧಿ. ರಾಜ್ಯವು ಗ್ರಾಮ ಪಂಚಾಯಿತಿಗಳನ್ನು ಸಂಘಟಿಸಿ, ಅವು ಸ್ವಯಮಾಡಳಿತದ ಘಟಕಗಳಾಗಿ ಕೆಲಸ ಮಾಡಲು ಬೇಕಾದ ಅಧಿಕಾರವನ್ನು ನೀಡಬೇಕೆಂದು ಈ ವಿಧಿ ಹೇಳುತ್ತದೆ. ಆದರೆ ಇದು ರಾಜ್ಯನೀತಿಯ ನಿರ್ದೇಶಕ ತತ್ತ್ವಗಳಲ್ಲಿ ಒಂದಾದುದರಿಂದ ನ್ಯಾಯಾಲಯದ ಮೂಲಕ ಜಾರಿಗೊಳಿಸುವಂತಿರಲಿಲ್ಲ.

ಏಳನೇ ಅನುಸೂಚಿಯ ರಾಜ್ಯಪಟ್ಟಿಯ 5ನೇ ನಮೂದಿನ ಪ್ರಕಾರ ಸ್ಥಳೀಯ ಸರ್ಕಾರವು ರಾಜ್ಯಗಳ ವಿಷಯ. ಆದಕಾರಣ 1993ರವರೆಗೆ ಪಂಚಾಯಿತಿ, ಪುರಸಭೆಗಳು ಸಂಪೂರ್ಣವಾಗಿ ರಾಜ್ಯ ಶಾಸನದ ಸೃಷ್ಟಿಗಳಾಗಿದ್ದವು. ಅವುಗಳ ಅವಧಿ, ಅಧಿಕಾರ, ಚುನಾವಣೆ, ವಿಸರ್ಜನೆ ಎಲ್ಲವೂ ಸರ್ಕಾರದ ಇಚ್ಛೆಯನ್ನು ಅವಲಂಬಿಸಿದ್ದವು. ಚುನಾಯಿತ ಮಂಡಳಿಯನ್ನು ರದ್ದುಪಡಿಸಿ ಅದರ ಜಾಗದಲ್ಲಿ ಆಡಳಿತಾಧಿಕಾರಿಯನ್ನು ನೇಮಿಸುವುದು ಅನೇಕ ರಾಜ್ಯಗಳಲ್ಲಿ ರೂಢಿಯಾಗಿತ್ತು. ಈ ಕಾಲದಲ್ಲಿ ರಕ್ಷಣೆಯಾಗಿ ದೊರೆತದ್ದು ಸಹಜ ನ್ಯಾಯದ ತತ್ತ್ವ ಮಾತ್ರ. ನವದೆಹಲಿ ಪುರಸಭಾ ಸಮಿತಿಯನ್ನು ರದ್ದುಪಡಿಸಿದ ಕ್ರಮಕ್ಕೆ ಸಂಬಂಧಿಸಿದ ಎಸ್.ಎಲ್. ಕಪೂರ್ ವಿರುದ್ಧ ಜಗಮೋಹನ್ (1980) ಮೊಕದ್ದಮೆಯಲ್ಲಿ, ಸಮಿತಿಯ ಅಹವಾಲು ಕೇಳದೆ ಅದನ್ನು ರದ್ದುಪಡಿಸುವುದು ಸಹಜ ನ್ಯಾಯಕ್ಕೆ ವಿರುದ್ಧವೆಂದು ಸರ್ವೋಚ್ಚ ನ್ಯಾಯಾಲಯ ತೀರ್ಪಿತ್ತಿತು.

### ಕರ್ನಾಟಕದ ಅನುಭವ

ಕರ್ನಾಟಕದಲ್ಲಿ ರಾಮಕೃಷ್ಣ ಹೆಗಡೆಯವರ ಸರ್ಕಾರವು 1983ರ ಕಾಯಿದೆಯ ಮೂಲಕ ಜಿಲ್ಲಾ ಪರಿಷತ್ತು ಮತ್ತು ಮಂಡಲ ಪಂಚಾಯಿತಿಗಳ ವ್ಯವಸ್ಥೆಯನ್ನು ರೂಪಿಸಿತು. ಪಂಚಾಯತ್ ರಾಜ್ ಸಚಿವರಾಗಿದ್ದ ಅಬ್ದುಲ್ ನಜೀರ್ ಸಾಬ್ ಇದರ ಮುಖ್ಯ ಪ್ರವರ್ತಕರು. 1987ರ ಆರಂಭದಲ್ಲಿ ಚುನಾವಣೆ ನಡೆದು, ಮಹಿಳೆಯರಿಗೆ ಶೇಕಡ 25ರಷ್ಟು ಸ್ಥಾನಗಳನ್ನು ಮೀಸಲಿಡಲಾಯಿತು. ಜಿಲ್ಲಾಮಟ್ಟದ ಇಲಾಖೆಗಳು ಜಿಲ್ಲಾ ಪರಿಷತ್ತಿನ ಅಧೀನಕ್ಕೆ ಬಂದವು. ಈ ಪ್ರಯೋಗವು ದೇಶದ ಗಮನ ಸೆಳೆಯಿತು. ಆದರೆ 1992ರಲ್ಲಿ ಈ ಸಂಸ್ಥೆಗಳ ಅವಧಿ ಮುಗಿದಾಗ ಚುನಾವಣೆ ನಡೆಯಲಿಲ್ಲ; ಆಡಳಿತಾಧಿಕಾರಿಗಳು ಬಂದರು. ಶಾಸನವು ಎಷ್ಟೇ ಉದಾರವಾಗಿದ್ದರೂ ಅದರ ಬೆನ್ನಿಗೆ ಸಂವಿಧಾನದ ಆಸರೆ ಇಲ್ಲದಿದ್ದರೆ ವ್ಯವಸ್ಥೆ ನಿಲ್ಲಲಾರದು ಎಂಬುದಕ್ಕೆ ಇದು ಉದಾಹರಣೆಯಾಯಿತು.

### ತಿದ್ದುಪಡಿಗಳು

ಪಂಚಾಯಿತಿಗಳಿಗೆ ಸಾಂವಿಧಾನಿಕ ಸ್ಥಾನಮಾನ ನೀಡಬೇಕೆಂದು ಎಲ್.ಎಂ. ಸಿಂಘ್ವಿ ಸಮಿತಿಯು 1986ರಲ್ಲಿ ಶಿಫಾರಸು ಮಾಡಿತು. ರಾಜೀವ್ ಗಾಂಧಿ ಸರ್ಕಾರ 1989ರಲ್ಲಿ ತಂದ 64 ಮತ್ತು 65ನೇ ತಿದ್ದುಪಡಿ ಮಸೂದೆಗಳು ಲೋಕಸಭೆಯಲ್ಲಿ ಅಂಗೀಕಾರವಾದರೂ ರಾಜ್ಯಸಭೆಯಲ್ಲಿ ಅಗತ್ಯ ಬಹುಮತ ದೊರೆಯದೆ ಬಿದ್ದುಹೋದವು. ಕೇಂದ್ರವು ರಾಜ್ಯಗಳನ್ನು ಬದಿಗೊತ್ತಿ ಸ್ಥಳೀಯ ಸಂಸ್ಥೆಗಳೊಡನೆ ನೇರ ಸಂಬಂಧ ಬೆಳೆಸಲು ಹವಣಿಸುತ್ತಿದೆ ಎಂಬುದು ಅಂದಿನ ವಿರೋಧಪಕ್ಷಗಳ ಆಕ್ಷೇಪವಾಗಿತ್ತು. ಪಿ.ವಿ. ನರಸಿಂಹರಾವ್ ಸರ್ಕಾರದ ಕಾಲದಲ್ಲಿ, 1992ರ ಡಿಸೆಂಬರ್‌ನಲ್ಲಿ, 73 ಮತ್ತು 74ನೇ ತಿದ್ದುಪಡಿಗಳನ್ನು ಸಂಸತ್ತು ಅಂಗೀಕರಿಸಿತು. ಇದಕ್ಕೆ ಅನುಗುಣವಾಗಿ ಕರ್ನಾಟಕವು 1993ರಲ್ಲಿ ಹೊಸ ಪಂಚಾಯತ್ ರಾಜ್ ಕಾಯಿದೆಯನ್ನು ರೂಪಿಸಿತು. ಈಗ ಅದರ ಹೆಸರು ಕರ್ನಾಟಕ ಗ್ರಾಮ ಸ್ವರಾಜ್ ಮತ್ತು ಪಂಚಾಯತ್ ರಾಜ್ ಕಾಯಿದೆ.

## ಪ್ರಮುಖ ಮಿತಿಗಳು

### ಅವಧಿ

243-ಇ ವಿಧಿ (ಪಂಚಾಯಿತಿ) ಮತ್ತು 243-ಯು ವಿಧಿ (ನಗರಪಾಲಿಕೆ) ಪ್ರಕಾರ ಸಂಸ್ಥೆಯ ಅವಧಿಯು ಅದರ ಮೊದಲ ಸಭೆಗೆ ಗೊತ್ತುಪಡಿಸಿದ ದಿನಾಂಕದಿಂದ ಐದು ವರ್ಷ, ಅದಕ್ಕಿಂತ ಹೆಚ್ಚಿಲ್ಲ. ಇದರಿಂದ ಸರ್ಕಾರಕ್ಕೆ ಎರಡು ಬಗೆಯ ತಡೆ ಉಂಟಾಗುತ್ತದೆ. ತನಗೆ ಬೇಕಾದ ಮಂಡಳಿಯ ಅವಧಿಯನ್ನು ಅದು ವಿಸ್ತರಿಸುವಂತಿಲ್ಲ. ಚುನಾವಣೆಯನ್ನು ಅವಧಿಯ ಆಚೆಗೆ ಮುಂದೂಡುವಂತೆಯೂ ಇಲ್ಲ.

ಇದೇ ವಿಧಿಗಳ ಎರಡನೇ ಖಂಡವು ವಿಧಾನಮಂಡಲದ ಕೈಯನ್ನೂ ಕಟ್ಟುತ್ತದೆ. ಜಾರಿಯಲ್ಲಿರುವ ಕಾನೂನನ್ನು ತಿದ್ದುಪಡಿ ಮಾಡುವ ಮೂಲಕ, ಆಗ ಕಾರ್ಯ ನಿರ್ವಹಿಸುತ್ತಿರುವ ಸಂಸ್ಥೆಯನ್ನು ಅದರ ಅವಧಿ ಮುಗಿಯುವ ಮೊದಲು ವಿಸರ್ಜಿಸುವಂತಿಲ್ಲ.

### ವಿಸರ್ಜನೆ

ಅವಧಿಗೆ ಮುನ್ನ ವಿಸರ್ಜಿಸುವ ಅಧಿಕಾರವನ್ನು ಸಂವಿಧಾನ ಪೂರ್ಣವಾಗಿ ತೆಗೆದುಹಾಕಿಲ್ಲ. ರಾಜ್ಯದ ಕಾನೂನಿನಲ್ಲಿ ಹೇಳಿರುವ ಕಾರಣಗಳಿಗಾಗಿ ವಿಸರ್ಜಿಸಬಹುದು. ಆದರೆ ವಿಸರ್ಜನೆಯ ದಿನದಿಂದ ಆರು ತಿಂಗಳೊಳಗೆ ಚುನಾವಣೆ ಪೂರ್ಣಗೊಳ್ಳಬೇಕು. ಹೊಸ ಸಂಸ್ಥೆಯು ಹಳೆಯ ಸಂಸ್ಥೆಯ ಉಳಿದ ಅವಧಿಗೆ ಮಾತ್ರ ಅಧಿಕಾರದಲ್ಲಿರುತ್ತದೆ. ಉಳಿದ ಅವಧಿ ಆರು ತಿಂಗಳಿಗಿಂತ ಕಡಿಮೆಯಿದ್ದರೆ ಆ ಅಲ್ಪಾವಧಿಗಾಗಿ ಚುನಾವಣೆ ನಡೆಸುವ ಅಗತ್ಯವಿಲ್ಲ.

ಉದಾಹರಣೆಗೆ, ಒಂದು ಪಂಚಾಯಿತಿಯ ಮೊದಲ ಸಭೆ 2020ರ ಜುಲೈ 1ರಂದು ನಿಗದಿಯಾಗಿದ್ದರೆ ಅದರ ಅವಧಿ 2025ರ ಜೂನ್ 30ಕ್ಕೆ ಮುಗಿಯುತ್ತದೆ. ಅದು 2023ರ ಜನವರಿ 1ರಂದು ವಿಸರ್ಜನೆಯಾದರೆ ಜೂನ್ ಮುಗಿಯುವುದರೊಳಗೆ ಚುನಾವಣೆ ನಡೆಯಬೇಕು; ಹೊಸದಾಗಿ ಆರಿಸಿಬಂದವರು 2025ರ ಜೂನ್ 30ರವರೆಗೆ ಮಾತ್ರ ಇರುತ್ತಾರೆ. ಅದೇ ಪಂಚಾಯಿತಿ 2025ರ ಮಾರ್ಚ್‌ನಲ್ಲಿ ವಿಸರ್ಜನೆಯಾದರೆ ಮುಂದಿನ ಸಾಮಾನ್ಯ ಚುನಾವಣೆಯೇ ಸಾಕು.

ಎರಡು ಭಾಗಗಳ ನಡುವೆ ಒಂದು ಗಮನಾರ್ಹ ವ್ಯತ್ಯಾಸವಿದೆ. ನಗರಪಾಲಿಕೆಯನ್ನು ವಿಸರ್ಜಿಸುವ ಮೊದಲು ಅದಕ್ಕೆ ಅಹವಾಲು ಹೇಳಿಕೊಳ್ಳಲು ಯುಕ್ತ ಅವಕಾಶ ಕೊಡತಕ್ಕದ್ದೆಂದು 243-ಯು ವಿಧಿ ಸ್ಪಷ್ಟವಾಗಿ ಹೇಳುತ್ತದೆ. ಪಂಚಾಯಿತಿಗಳಿಗೆ ಸಂಬಂಧಿಸಿದ 243-ಇ ವಿಧಿಯಲ್ಲಿ ಈ ಮಾತು ಇಲ್ಲ. ಅವುಗಳಿಗೆ ರಾಜ್ಯದ ಕಾಯಿದೆ ಮತ್ತು ಸಹಜ ನ್ಯಾಯದ ತತ್ತ್ವವೇ ಆಧಾರ.

### ಸ್ವತಂತ್ರ ಚುನಾವಣಾ ಆಯೋಗ

243-ಕೆ ಮತ್ತು 243-ಜಡ್‌ಎ ವಿಧಿಗಳು ಸ್ಥಳೀಯ ಸಂಸ್ಥೆಗಳ ಮತದಾರರ ಪಟ್ಟಿ ತಯಾರಿಕೆ ಹಾಗೂ ಚುನಾವಣೆಯ ಮೇಲ್ವಿಚಾರಣೆ, ನಿರ್ದೇಶನ ಮತ್ತು ನಿಯಂತ್ರಣವನ್ನು ರಾಜ್ಯ ಚುನಾವಣಾ ಆಯೋಗಕ್ಕೆ ವಹಿಸಿವೆ. ಇದು ಭಾರತದ ಚುನಾವಣಾ ಆಯೋಗಕ್ಕಿಂತ ಪ್ರತ್ಯೇಕವಾದ ಸಂಸ್ಥೆ. ರಾಜ್ಯ ಚುನಾವಣಾ ಆಯುಕ್ತರನ್ನು ರಾಜ್ಯಪಾಲರು ನೇಮಿಸುತ್ತಾರೆ. ಆದರೆ ಉಚ್ಚ ನ್ಯಾಯಾಲಯದ ನ್ಯಾಯಾಧೀಶರನ್ನು ತೆಗೆಯುವ ರೀತಿಯಲ್ಲಿ ಮತ್ತು ಅದೇ ಕಾರಣಗಳಿಗಾಗಿ ಅಲ್ಲದೆ ಅವರನ್ನು ಪದವಿಯಿಂದ ತೆಗೆಯುವಂತಿಲ್ಲ. ನೇಮಕದ ನಂತರ ಅವರ ಸೇವಾಷರತ್ತುಗಳನ್ನು ಅವರಿಗೆ ಪ್ರತಿಕೂಲವಾಗುವಂತೆ ಬದಲಿಸುವಂತಿಲ್ಲ. ಆಯೋಗವು ಕೋರಿದಾಗ ಅಗತ್ಯ ಸಿಬ್ಬಂದಿಯನ್ನು ಒದಗಿಸುವುದು ರಾಜ್ಯದ ಕರ್ತವ್ಯ.

### ಸದಸ್ಯತ್ವ ಮತ್ತು ಮೀಸಲಾತಿ

ಪಂಚಾಯಿತಿಯ ಸ್ಥಾನಗಳನ್ನೂ ನಗರಪಾಲಿಕೆಯ ವಾರ್ಡುಗಳ ಸ್ಥಾನಗಳನ್ನೂ ನೇರ ಚುನಾವಣೆಯಿಂದಲೇ ತುಂಬಬೇಕು. ನಗರಾಡಳಿತದಲ್ಲಿ ವಿಶೇಷ ಜ್ಞಾನ ಅಥವಾ ಅನುಭವವುಳ್ಳವರನ್ನು ನಗರಪಾಲಿಕೆಗೆ ನಾಮಕರಣ ಮಾಡಲು ಕಾನೂನು ಅವಕಾಶ ನೀಡಬಹುದು; ಆದರೆ ಅವರಿಗೆ ಸಭೆಯಲ್ಲಿ ಮತದಾನದ ಹಕ್ಕಿಲ್ಲ. ದೆಹಲಿ ಮಹಾನಗರ ಪಾಲಿಕೆಯ ಮೇಯರ್ ಚುನಾವಣೆಯಲ್ಲಿ ನಾಮಕರಣಗೊಂಡ ಸದಸ್ಯರು ಮತ ಹಾಕುವಂತಿಲ್ಲವೆಂದು 2023ರ ಫೆಬ್ರವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ಆಧಾರದ ಮೇಲೆಯೇ ಆದೇಶಿಸಿತು.

ಪರಿಶಿಷ್ಟ ಜಾತಿ ಮತ್ತು ಪಂಗಡಗಳಿಗೆ ಜನಸಂಖ್ಯೆಯ ಪ್ರಮಾಣದಲ್ಲಿಯೂ, ಮಹಿಳೆಯರಿಗೆ ಮೂರನೆಯ ಒಂದು ಭಾಗಕ್ಕೆ ಕಡಿಮೆಯಿಲ್ಲದಂತೆಯೂ ಸ್ಥಾನಗಳನ್ನು ಮೀಸಲಿಡುವುದು ಕಡ್ಡಾಯ. ಕರ್ನಾಟಕವೂ ಸೇರಿದಂತೆ ಅನೇಕ ರಾಜ್ಯಗಳು ಮಹಿಳಾ ಮೀಸಲಾತಿಯನ್ನು ಶೇಕಡ 50ಕ್ಕೆ ಏರಿಸಿವೆ. ಹಿಂದುಳಿದ ವರ್ಗಗಳ ಮೀಸಲಾತಿಯು ರಾಜ್ಯದ ವಿವೇಚನೆಗೆ ಬಿಟ್ಟ ವಿಷಯ.

### ಹಣಕಾಸು ಮತ್ತು ಯೋಜನೆ

ಪ್ರತಿ ಐದು ವರ್ಷಗಳಿಗೊಮ್ಮೆ ರಾಜ್ಯ ಹಣಕಾಸು ಆಯೋಗವನ್ನು ರಚಿಸಬೇಕು. ರಾಜ್ಯದ ತೆರಿಗೆಗಳಲ್ಲಿ ಸ್ಥಳೀಯ ಸಂಸ್ಥೆಗಳ ಪಾಲು, ಅನುದಾನ ಮುಂತಾದವನ್ನು ಅದು ಶಿಫಾರಸು ಮಾಡುತ್ತದೆ. ಶಿಫಾರಸಿನ ಮೇಲೆ ಕೈಗೊಂಡ ಕ್ರಮದ ವಿವರಣೆಯನ್ನು ವಿಧಾನಮಂಡಲದ ಮುಂದೆ ಇಡಬೇಕು. ಶಿಫಾರಸನ್ನು ಒಪ್ಪಲೇಬೇಕೆಂಬ ಕಟ್ಟುಪಾಡಿಲ್ಲ. ಜಿಲ್ಲಾ ಯೋಜನಾ ಸಮಿತಿಯ ಸದಸ್ಯರಲ್ಲಿ ಐದನೆಯ ನಾಲ್ಕು ಭಾಗಕ್ಕೆ ಕಡಿಮೆಯಿಲ್ಲದಷ್ಟು ಮಂದಿ, ಮಹಾನಗರ ಯೋಜನಾ ಸಮಿತಿಯಲ್ಲಿ ಮೂರನೆಯ ಎರಡು ಭಾಗಕ್ಕೆ ಕಡಿಮೆಯಿಲ್ಲದಷ್ಟು ಮಂದಿ, ಸ್ಥಳೀಯ ಸಂಸ್ಥೆಗಳ ಚುನಾಯಿತರಿಂದ ಆಯ್ಕೆಯಾದವರಾಗಿರಬೇಕು.

## ಪ್ರಮುಖ ತೀರ್ಪುಗಳು

### ಕಿಶನ್‌ಸಿಂಗ್ ತೋಮರ್ ಪ್ರಕರಣ (2006)

ಅಹಮದಾಬಾದ್ ಮಹಾನಗರ ಪಾಲಿಕೆಯ ಅವಧಿ 2005ರ ಅಕ್ಟೋಬರ್‌ನಲ್ಲಿ ಮುಗಿಯುವುದಿತ್ತು. ವಾರ್ಡುಗಳ ಪುನರ್ವಿಂಗಡಣೆ ಮುಗಿದಿಲ್ಲವೆಂಬ ಕಾರಣದಿಂದ ಚುನಾವಣೆ ತಡವಾಯಿತು. ಈ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಾಧೀಶರ ಪೀಠವು, ಐದು ವರ್ಷದ ಗಡುವು ಕಡ್ಡಾಯವೆಂದೂ ಪುನರ್ವಿಂಗಡಣೆ, ಮತದಾರರ ಪಟ್ಟಿಯ ಪರಿಷ್ಕರಣೆ ಮುಂತಾದ ಸಿದ್ಧತೆಗಳನ್ನು ಗಡುವಿನೊಳಗೇ ಮುಗಿಸಿಕೊಳ್ಳಬೇಕೆಂದೂ ಹೇಳಿತು. ಗಲಭೆ ಅಥವಾ ನೈಸರ್ಗಿಕ ವಿಕೋಪದಂತಹ ಅಸಾಧಾರಣ ಸಂದರ್ಭಗಳು ಮಾತ್ರ ಇದಕ್ಕೆ ಹೊರತು. ಲೋಕಸಭೆ, ವಿಧಾನಸಭೆ ಚುನಾವಣೆಗಳಲ್ಲಿ ಭಾರತದ ಚುನಾವಣಾ ಆಯೋಗದ ಮಾತನ್ನು ಪಾಲಿಸುವಂತೆಯೇ ರಾಜ್ಯ ಸರ್ಕಾರಗಳು ರಾಜ್ಯ ಚುನಾವಣಾ ಆಯೋಗದ ಮಾತನ್ನೂ ಪಾಲಿಸಬೇಕು. ಸಹಕಾರ ದೊರೆಯದಿದ್ದರೆ ಆಯೋಗವು ಉಚ್ಚ ನ್ಯಾಯಾಲಯದ ಮೊರೆ ಹೋಗಬಹುದು ಎಂದು ಪೀಠ ತಿಳಿಸಿತು.

### ಚುನಾವಣಾ ಆಯುಕ್ತರ ಸ್ವಾತಂತ್ರ್ಯ

ಗೋವಾ ಸರ್ಕಾರವು ತನ್ನ ಕಾನೂನು ಕಾರ್ಯದರ್ಶಿಗೇ ರಾಜ್ಯ ಚುನಾವಣಾ ಆಯುಕ್ತರ ಹೆಚ್ಚುವರಿ ಹೊಣೆಯನ್ನು ವಹಿಸಿತ್ತು. ಗೋವಾ ರಾಜ್ಯ ವಿರುದ್ಧ ಫೌಜಿಯಾ ಇಮ್ತಿಯಾಜ್ ಶೇಖ್ (2021) ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಇದನ್ನು ಸಂವಿಧಾನದ ಅಣಕವೆಂಬಂತೆ ಕಂಡಿತು. ರಾಜ್ಯ ಸರ್ಕಾರದ ಉದ್ಯೋಗದಲ್ಲಿರುವವರು ಈ ಪದವಿಯನ್ನು ಹೊಂದುವಂತಿಲ್ಲ. ಎಲ್ಲ ರಾಜ್ಯಗಳೂ ಸ್ವತಂತ್ರ ವ್ಯಕ್ತಿಗಳನ್ನೇ ನೇಮಿಸಬೇಕು ಎಂದು ಅದು ಆದೇಶಿಸಿತು.

ಆಂಧ್ರಪ್ರದೇಶದಲ್ಲಿ 2020ರ ಮಾರ್ಚ್‌ನಲ್ಲಿ ಕೋವಿಡ್ ಕಾರಣದಿಂದ ರಾಜ್ಯ ಚುನಾವಣಾ ಆಯುಕ್ತರು ಸ್ಥಳೀಯ ಚುನಾವಣೆಗಳನ್ನು ಮುಂದೂಡಿದರು. ಮರುತಿಂಗಳೇ ಸರ್ಕಾರವು ಸುಗ್ರೀವಾಜ್ಞೆಯ ಮೂಲಕ ಆ ಪದವಿಯ ಅವಧಿಯನ್ನು ಐದರಿಂದ ಮೂರು ವರ್ಷಕ್ಕೆ ಇಳಿಸಿದುದರಿಂದ ಅವರು ಸ್ಥಾನ ಕಳೆದುಕೊಂಡರು. 2020ರ ಮೇ 29ರಂದು ಆಂಧ್ರಪ್ರದೇಶ ಉಚ್ಚ ನ್ಯಾಯಾಲಯವು ಸುಗ್ರೀವಾಜ್ಞೆಯನ್ನು ರದ್ದುಪಡಿಸಿತು.

### ಚುನಾಯಿತರ ಪದಚ್ಯುತಿ

ಇಡೀ ಸಂಸ್ಥೆಯನ್ನು ವಿಸರ್ಜಿಸದೆ, ಅಧ್ಯಕ್ಷರೊಬ್ಬರನ್ನೇ ತೆಗೆದುಹಾಕುವ ಅಧಿಕಾರವೂ ರಾಜ್ಯ ಕಾಯಿದೆಗಳಲ್ಲಿ ಇದೆ. ತರ್ಲೋಚನ್ ದೇವ್ ಶರ್ಮಾ ವಿರುದ್ಧ ಪಂಜಾಬ್ ರಾಜ್ಯ (2001) ಮತ್ತು ರವಿ ಯಶವಂತ ಭೋಯಿರ್ (2012) ತೀರ್ಪುಗಳು, ಜನರಿಂದ ಆರಿಸಿಬಂದವರನ್ನು ಲಘು ಕಾರಣಗಳಿಗಾಗಿ ಕೆಳಗಿಳಿಸುವಂತಿಲ್ಲವೆಂದೂ, ಆರೋಪ ಗಂಭೀರವಾಗಿದ್ದು ಸಹಜ ನ್ಯಾಯದ ಕ್ರಮವನ್ನು ಪಾಲಿಸಿರಬೇಕೆಂದೂ ಸ್ಪಷ್ಟಪಡಿಸಿವೆ.

### ಸುರೇಶ್ ಮಹಾಜನ್ ಪ್ರಕರಣ (2022)

ಕೆ. ಕೃಷ್ಣಮೂರ್ತಿ ವಿರುದ್ಧ ಭಾರತ ಒಕ್ಕೂಟ (2010) ಪ್ರಕರಣದಲ್ಲಿ ಸಂವಿಧಾನ ಪೀಠವು, ಸ್ಥಳೀಯ ಸಂಸ್ಥೆಗಳಲ್ಲಿ ಪರಿಶಿಷ್ಟರು ಮತ್ತು ಹಿಂದುಳಿದ ವರ್ಗಗಳ ಒಟ್ಟು ಮೀಸಲಾತಿ ಶೇಕಡ 50ನ್ನು ಮೀರಬಾರದೆಂದು ಹೇಳಿತ್ತು. 2021ರಲ್ಲಿ ವಿಕಾಸ್ ಕಿಶನ್‌ರಾವ್ ಗವಳಿ ಪ್ರಕರಣದ ತೀರ್ಪು ಹಿಂದುಳಿದ ವರ್ಗಗಳ ಮೀಸಲಾತಿಗೆ ಮೂರು ಷರತ್ತುಗಳನ್ನು ಪೋಣಿಸಿತು. ಅವೆಂದರೆ, ಪ್ರತ್ಯೇಕ ಆಯೋಗದಿಂದ ಹಿಂದುಳಿದಿರುವಿಕೆಯ ಅಧ್ಯಯನ, ಸ್ಥಳೀಯ ಸಂಸ್ಥೆವಾರು ಪ್ರಮಾಣದ ನಿಗದಿ ಮತ್ತು ಶೇಕಡ 50ರ ಮಿತಿಯ ಪಾಲನೆ. ಇದನ್ನು 'ತ್ರಿವಿಧ ಪರೀಕ್ಷೆ' ಎನ್ನುತ್ತಾರೆ.

ಈ ಪರೀಕ್ಷೆ ಮುಗಿದಿಲ್ಲವೆಂಬುದೇ ಹಲವು ರಾಜ್ಯಗಳಲ್ಲಿ ಚುನಾವಣೆಯನ್ನು ಮುಂದೂಡಲು ಕಾರಣವಾಯಿತು. ಮಧ್ಯಪ್ರದೇಶದ ಸಾವಿರಾರು ಸಂಸ್ಥೆಗಳಿಗೆ ಚುನಾವಣೆ ನಡೆಯದೆ ಇದ್ದ ಸಂದರ್ಭದಲ್ಲಿ, 2022ರ ಮೇ 10ರಂದು ಸುರೇಶ್ ಮಹಾಜನ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಪುನರ್ವಿಂಗಡಣೆಗಾಗಲಿ ತ್ರಿವಿಧ ಪರೀಕ್ಷೆಗಾಗಲಿ ಚುನಾವಣೆ ಕಾಯಬಾರದೆಂದು ಆದೇಶಿಸಿತು. ಪರೀಕ್ಷೆ ಮುಗಿಯದಿದ್ದಲ್ಲಿ ಪರಿಶಿಷ್ಟರ ಮೀಸಲು ಸ್ಥಾನಗಳನ್ನು ಬಿಟ್ಟು ಉಳಿದವನ್ನು ಸಾಮಾನ್ಯ ಸ್ಥಾನಗಳೆಂದು ಪರಿಗಣಿಸಬೇಕು. ಈ ನಿರ್ದೇಶನ ಎಲ್ಲ ರಾಜ್ಯಗಳಿಗೂ ಅನ್ವಯಿಸುತ್ತದೆ ಎಂದು ಅದು ಹೇಳಿತು.

## ರಾಜ್ಯಕ್ಕೆ ಉಳಿದಿರುವ ಅಧಿಕಾರ

ಕನ್ನಡದ ಶಾಸನ ಭಾಷೆಯಲ್ಲಿ 'ತಕ್ಕದ್ದು' ಎಂಬುದು ಕಡ್ಡಾಯವನ್ನೂ 'ಬಹುದು' ಎಂಬುದು ವಿವೇಚನೆಯನ್ನೂ ಸೂಚಿಸುತ್ತದೆ. 9 ಮತ್ತು 9-ಎ ಭಾಗಗಳನ್ನು ಅರ್ಥಮಾಡಿಕೊಳ್ಳಲು ಈ ವ್ಯತ್ಯಾಸ ಮುಖ್ಯ. ಅವಧಿ, ಚುನಾವಣೆ, ಆಯೋಗಗಳು, ಪರಿಶಿಷ್ಟರ ಹಾಗೂ ಮಹಿಳೆಯರ ಮೀಸಲಾತಿ ಇವೆಲ್ಲ 'ತಕ್ಕದ್ದು' ಎಂಬ ವರ್ಗಕ್ಕೆ ಸೇರಿವೆ. ಅಧಿಕಾರ ವರ್ಗಾವಣೆ (243-ಜಿ, 243-ಡಬ್ಲ್ಯು) ಮತ್ತು ತೆರಿಗೆ ಅಧಿಕಾರ (243-ಎಚ್, 243-ಎಕ್ಸ್) 'ಬಹುದು' ಎಂಬ ವರ್ಗದಲ್ಲಿ ನಿಂತಿವೆ. ಹನ್ನೊಂದನೇ ಅನುಸೂಚಿಯ 29 ಮತ್ತು ಹನ್ನೆರಡನೇ ಅನುಸೂಚಿಯ 18 ವಿಷಯಗಳನ್ನು ರಾಜ್ಯವು ಸ್ಥಳೀಯ ಸಂಸ್ಥೆಗಳಿಗೆ ವಹಿಸಬಹುದು, ವಹಿಸದೆಯೂ ಇರಬಹುದು.

ಈ ವಿಷಯಗಳನ್ನು ಅರೆ-ಸರ್ಕಾರಿ ಪ್ರಾಧಿಕಾರಗಳು ನಿರ್ವಹಿಸುವುದಕ್ಕೂ ಸಂವಿಧಾನ ಅಡ್ಡಿಯಾಗಿಲ್ಲ. ಬೆಂಗಳೂರಿನ ಅರ್ಕಾವತಿ ಬಡಾವಣೆಗೆ ಸಂಬಂಧಿಸಿದ ಬೋಂಡು ರಾಮಸ್ವಾಮಿ ಪ್ರಕರಣದಲ್ಲಿ (2010), ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರದ ಕಾಯಿದೆಯು 9-ಎ ಭಾಗಕ್ಕೆ ವಿರುದ್ಧವಾಗಿದೆ ಎಂಬ ವಾದವನ್ನು ಸರ್ವೋಚ್ಚ ನ್ಯಾಯಾಲಯ ಒಪ್ಪಲಿಲ್ಲ. ಅಭ್ಯರ್ಥಿಗಳ ಅರ್ಹತೆಯನ್ನು ನಿಗದಿಪಡಿಸುವುದರಲ್ಲಿಯೂ ರಾಜ್ಯಕ್ಕೆ ವಿಶಾಲ ಅವಕಾಶವಿದೆ. ಪಂಚಾಯಿತಿ ಅಭ್ಯರ್ಥಿಗಳಿಗೆ ಕನಿಷ್ಠ ವಿದ್ಯಾರ್ಹತೆ ಮುಂತಾದ ಷರತ್ತುಗಳನ್ನು ಹಾಕಿದ ಹರಿಯಾಣದ ಕಾನೂನನ್ನು ರಾಜಬಾಲಾ ಪ್ರಕರಣದಲ್ಲಿ (2015) ನ್ಯಾಯಾಲಯ ಎತ್ತಿಹಿಡಿಯಿತು.

ಕ್ಷೇತ್ರ ಪುನರ್ವಿಂಗಡಣೆಗೆ ಸಂಬಂಧಿಸಿದ ಕಾನೂನಿನ ಸಿಂಧುತ್ವವನ್ನು ನ್ಯಾಯಾಲಯದಲ್ಲಿ ಪ್ರಶ್ನಿಸುವಂತಿಲ್ಲವೆಂದೂ, ಚುನಾವಣೆಯನ್ನು ಚುನಾವಣಾ ಅರ್ಜಿಯ ಮೂಲಕ ಮಾತ್ರ ಪ್ರಶ್ನಿಸಬಹುದೆಂದೂ 243-ಒ ಮತ್ತು 243-ಜಡ್‌ಜಿ ವಿಧಿಗಳು ಹೇಳುತ್ತವೆ. ಚುನಾವಣೆಗೆ ತಡೆ ಬರಬಾರದೆಂಬುದು ಇವುಗಳ ಉದ್ದೇಶ. ಚುನಾವಣೆ ನಡೆಸಿರೆಂದು ನಿರ್ದೇಶನ ಕೋರುವುದಕ್ಕೆ ಇವು ಅಡ್ಡಿಯಲ್ಲ.

## ಪಾಲನೆ ಮತ್ತು ವಿಳಂಬ

ಅವಧಿಪೂರ್ವ ವಿಸರ್ಜನೆ ಈಗ ವಿರಳ. 2023ರ ಆಗಸ್ಟ್‌ನಲ್ಲಿ ಪಂಜಾಬ್ ಸರ್ಕಾರವು ರಾಜ್ಯದ ಎಲ್ಲ ಗ್ರಾಮ ಪಂಚಾಯಿತಿಗಳನ್ನು ಅವಧಿಗೆ ಮೊದಲೇ ವಿಸರ್ಜಿಸಿತು. ಈ ಕ್ರಮವನ್ನು ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನಿಸಿದಾಗ ಅದೇ ತಿಂಗಳ ಕೊನೆಯಲ್ಲಿ ಅಧಿಸೂಚನೆಯನ್ನು ಹಿಂತೆಗೆದುಕೊಂಡಿತು. ವಿಳಂಬವಾದರೋ ಸಾಮಾನ್ಯವಾಗಿದೆ. ತಮಿಳುನಾಡಿನಲ್ಲಿ 2016ರ ಅಕ್ಟೋಬರ್‌ನಲ್ಲಿ ಅವಧಿ ಮುಗಿದ ಸಂಸ್ಥೆಗಳ ಪೈಕಿ ಗ್ರಾಮೀಣ ಸಂಸ್ಥೆಗಳ ಚುನಾವಣೆ 2019ರ ಡಿಸೆಂಬರ್‌ನಲ್ಲಿ ಆರಂಭವಾಯಿತು. ಚೆನ್ನೈ ಸೇರಿದಂತೆ ನಗರ ಸಂಸ್ಥೆಗಳದು 2022ರ ಫೆಬ್ರವರಿಯಲ್ಲಿ ನಡೆಯಿತು.

ಬೆಂಗಳೂರು ಮಹಾನಗರದ ಚುನಾಯಿತ ಪರಿಷತ್ತಿನ ಅವಧಿ 2006ರಲ್ಲಿ ಮುಗಿದ ಮೇಲೆ, ಸುತ್ತಲಿನ ಪ್ರದೇಶಗಳನ್ನು ಸೇರಿಸಿ 2007ರಲ್ಲಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯನ್ನು ರಚಿಸಲಾಯಿತು. ಅದರ ಚುನಾವಣೆ ನಡೆದದ್ದು 2010ರ ಮಾರ್ಚ್‌ನಲ್ಲಿ. ಮುಂದಿನ ಚುನಾವಣೆ 2015ರ ಆಗಸ್ಟ್‌ನಲ್ಲಿ ನಡೆಯಿತು. ಆ ಪರಿಷತ್ತಿನ ಅವಧಿ 2020ರ ಸೆಪ್ಟೆಂಬರ್‌ನಲ್ಲಿ ಮುಗಿಯಿತು. ಇದ್ದ 198 ವಾರ್ಡುಗಳಿಗೇ ಚುನಾವಣೆ ನಡೆಸುವಂತೆ 2020ರ ಡಿಸೆಂಬರ್‌ನಲ್ಲಿ ಕರ್ನಾಟಕ ಉಚ್ಚ ನ್ಯಾಯಾಲಯ ಆದೇಶಿಸಿತು; ಅದೇ ತಿಂಗಳು ಸರ್ವೋಚ್ಚ ನ್ಯಾಯಾಲಯ ಅದಕ್ಕೆ ತಡೆ ನೀಡಿತು. ಬಳಿಕ ವಾರ್ಡುಗಳ ಸಂಖ್ಯೆ 243ಕ್ಕೆ ಏರಿತು. ಮೀಸಲಾತಿ ಪಟ್ಟಿ ಮತ್ತೆ ನ್ಯಾಯಾಲಯಕ್ಕೆ ಹೋಯಿತು. 2025ರಲ್ಲಿ ಗ್ರೇಟರ್ ಬೆಂಗಳೂರು ಆಡಳಿತ ಕಾಯಿದೆ ಜಾರಿಗೆ ಬಂದು ಪಾಲಿಕೆಯ ಜಾಗದಲ್ಲಿ ಐದು ನಗರಪಾಲಿಕೆಗಳು ರಚನೆಯಾದವು. ಹೀಗೆ ಐದು ವರ್ಷಗಳಿಗೂ ಹೆಚ್ಚು ಕಾಲ, ಅಂದರೆ ಒಂದು ಪರಿಷತ್ತಿನ ಪೂರ್ಣಾವಧಿಗಿಂತ ದೀರ್ಘಕಾಲ, ನಗರದ ಆಡಳಿತ ಚುನಾಯಿತ ಸದಸ್ಯರಿಲ್ಲದೆ ನಡೆಯಿತು.

ಕರ್ನಾಟಕದ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳಿಗೆ 2016ರಲ್ಲಿ ಚುನಾವಣೆ ನಡೆದಿತ್ತು. 2021ರಲ್ಲಿ ಅವುಗಳ ಅವಧಿ ಮುಗಿಯಿತು. ಅದೇ ವರ್ಷ ಕಾಯಿದೆಗೆ ತಿದ್ದುಪಡಿ ತಂದು, ಕ್ಷೇತ್ರ ವಿಂಗಡಣೆಯ ಅಧಿಕಾರವನ್ನು ರಾಜ್ಯ ಚುನಾವಣಾ ಆಯೋಗದಿಂದ ಹಿಂಪಡೆದು ಪ್ರತ್ಯೇಕ ಸೀಮಾ ನಿರ್ಣಯ ಆಯೋಗಕ್ಕೆ ವಹಿಸಲಾಯಿತು. ಹಿಂದುಳಿದ ವರ್ಗಗಳ ರಾಜಕೀಯ ಮೀಸಲಾತಿಯ ಅಧ್ಯಯನಕ್ಕೆ ನೇಮಕವಾದ ನ್ಯಾಯಮೂರ್ತಿ ಕೆ. ಭಕ್ತವತ್ಸಲ ಆಯೋಗವು 2022ರ ಜುಲೈನಲ್ಲಿ ವರದಿ ನೀಡಿತು. ಆದರೂ ಈ ಸಂಸ್ಥೆಗಳು ನಾಲ್ಕು ವರ್ಷಗಳಿಗೂ ಮೀರಿ ಆಡಳಿತಾಧಿಕಾರಿಗಳ ಕೈಯಲ್ಲಿಯೇ ಉಳಿದವು.

ವಿಳಂಬದ ಪರಿಣಾಮ ಪ್ರಾತಿನಿಧ್ಯಕ್ಕಷ್ಟೇ ಸೀಮಿತವಲ್ಲ. ಹದಿನೈದನೇ ಹಣಕಾಸು ಆಯೋಗವು ಸ್ಥಳೀಯ ಸಂಸ್ಥೆಗಳಿಗೆ ಶಿಫಾರಸು ಮಾಡಿದ ಅನುದಾನವು ಕ್ರಮಬದ್ಧವಾಗಿ ರಚನೆಯಾದ ಸಂಸ್ಥೆಗಳಿಗೆ ಮಾತ್ರ ಸಲ್ಲುತ್ತಿದ್ದುದರಿಂದ, ಚುನಾವಣೆ ನಡೆಯದ ಕಡೆ ಅದರ ಪಾಲೂ ಕೈತಪ್ಪುತ್ತಿತ್ತು. ಮಹಿಳೆಯರು ಮತ್ತು ಪರಿಶಿಷ್ಟರಿಗೆ ಮೀಸಲಾದ ಸ್ಥಾನಗಳು ಅಷ್ಟೂ ಕಾಲ ಇಲ್ಲದಂತೆಯೇ ಆಗುತ್ತವೆ. ಗಡುವು ಮೀರಿದರೆ ಏನಾಗಬೇಕೆಂಬುದನ್ನು ಸಂವಿಧಾನ ಹೇಳಿಲ್ಲ. ಆದುದರಿಂದ ಪ್ರತಿ ಸಂದರ್ಭದಲ್ಲಿಯೂ ನಾಗರಿಕರು ಅಥವಾ ಆಯೋಗ ನ್ಯಾಯಾಲಯಕ್ಕೆ ಹೋಗಬೇಕಾಗುತ್ತದೆ. ಮೊಕದ್ದಮೆ ನಡೆಯುವಷ್ಟು ಕಾಲ ವಿಳಂಬವೂ ಮುಂದುವರಿಯುತ್ತದೆ.

## ಅನ್ವಯವಾಗದ ಪ್ರದೇಶಗಳು

243-ಎಂ ವಿಧಿಯ ಪ್ರಕಾರ 9ನೇ ಭಾಗವು ನಾಗಾಲ್ಯಾಂಡ್, ಮೇಘಾಲಯ, ಮಿಜೋರಾಂ ರಾಜ್ಯಗಳಿಗೂ ಮಣಿಪುರದ ಜಿಲ್ಲಾ ಪರಿಷತ್ತುಗಳಿರುವ ಗುಡ್ಡಗಾಡು ಪ್ರದೇಶಗಳಿಗೂ ಅನ್ವಯಿಸುವುದಿಲ್ಲ. ಐದನೇ ಅನುಸೂಚಿಯ ಪ್ರದೇಶಗಳಿಗೆ ಅದನ್ನು 1996ರ ಪೆಸಾ ಕಾಯಿದೆಯ ಮೂಲಕ ಮಾರ್ಪಾಡುಗಳೊಡನೆ ವಿಸ್ತರಿಸಲಾಗಿದೆ. ಅಲ್ಲಿ ಗ್ರಾಮಸಭೆಗೆ ಹೆಚ್ಚಿನ ಅಧಿಕಾರವಿದೆ. 9-ಎ ಭಾಗಕ್ಕೆ ಇಂತಹ ವಿನಾಯಿತಿಗಳು 243-ಜಡ್‌ಸಿ ವಿಧಿಯಲ್ಲಿವೆ.

## ಇವನ್ನೂ ನೋಡಿ

- ಪಂಚಾಯತ್ ರಾಜ್
- ಸಂವಿಧಾನದ 73ನೇ ತಿದ್ದುಪಡಿ
- ಸಂವಿಧಾನದ 74ನೇ ತಿದ್ದುಪಡಿ
- ಅಬ್ದುಲ್ ನಜೀರ್ ಸಾಬ್
- ಬೃಹತ್ ಬೆಂಗಳೂರು ಮಹಾನಗರ ಪಾಲಿಕೆ